ಡಾಕ್ಟರ್ ಅಂಕಲ್ ಕೊಟ್ಟ ಎರಡು ನಿಮಿಷ

ನಿಮ್ಮ ಗಂಡ ಸತ್ತದ್ದು ಹೇಗೆ ಅಂತ ಹೇಳಲು ನಿಮಗೆ ಎಷ್ಟು ಹೊತ್ತು ಬೇಕು?

ಟೆಕ್ಸಸ್ ರಾಜಧಾನಿ ಆಸ್ಟಿನ್‌ನ ಶಾಸನಸಭೆಯಲ್ಲಿ ಅದಕ್ಕೆ ಎರಡು ನಿಮಿಷ ಕೊಡುತ್ತಾರೆ. ಮೈಕಿನ ಪಕ್ಕ ಒಂದು ಪುಟ್ಟ ದೀಪ. ಹಸಿರು, ಹಳದಿ, ಕೆಂಪು. ಕೆಂಪು ಬಂತೆಂದರೆ ನಿಮ್ಮ ದುಃಖ ಮುಗಿಯಿತು, ಎದ್ದು ಹೋಗಬೇಕು.

ಕೆಲವು ವಾರಗಳ ಹಿಂದೆ ಸವಿತಾಳನ್ನು ಹ್ಯೂಸ್ಟನ್ ಪಕ್ಕದ ಸ್ಟಾಫರ್ಡ್‌ನ ಅವಳ ಅಕ್ಕನ ಮನೆಯಿಂದ ಹತ್ತಿಸಿಕೊಂಡು ನಾನೇ ಅಲ್ಲಿಗೆ ಡ್ರೈವ್ ಮಾಡಿದೆ. ಸವಿತಾ ನನ್ನ ಹಳೆಯ ಗೆಳತಿ, ಹುಬ್ಬಳ್ಳಿಯವಳು. ಅವಳೂ ಗಂಡ ಬಸವರಾಜನೂ ಡಾಲಸ್‌ನಿಂದ ಮೂರು ಗಂಟೆ ದೂರದ ಒಂದು ಸಣ್ಣ ಊರಿನಲ್ಲಿ ಗ್ಯಾಸ್ ಸ್ಟೇಷನ್, ಅಂದರೆ ಅಂಗಡಿಯೂ ಇರುವ ಪೆಟ್ರೋಲ್ ಪಂಪ್, ನಡೆಸುತ್ತಿದ್ದರು. ಹೋದ ವರ್ಷ ಒಂದು ಬೆಳಿಗ್ಗೆ ಬಸವರಾಜನಿಗೆ ಎದೆನೋವು ಬಂತು. ಊರಿನ ಆಸ್ಪತ್ರೆಯ ಎಮರ್ಜೆನ್ಸಿ ವಾರ್ಡ್ ಮುಚ್ಚಿ ಆಗಲೇ ಕೆಲವು ತಿಂಗಳಾಗಿತ್ತು. ಮುಂದಿನ ಆಸ್ಪತ್ರೆ ಒಂದು ಗಂಟೆಯ ದಾರಿ. ಅರ್ಧ ದಾರಿಯಲ್ಲಿ, ಸವಿತಾಳ ಪಕ್ಕದ ಸೀಟಿನಲ್ಲೇ, ಅವನು ಹೋಗಿಬಿಟ್ಟ.

ಇಂಥ ವಾರ್ಡ್‌ಗಳು ಮುಚ್ಚದಂತೆ ಸರ್ಕಾರ ನೆರವಾಗಬೇಕು ಅನ್ನುವ ಬಿಲ್ ಒಂದು ಶಾಸನಸಭೆಯ ಕಮಿಟಿಯ ಮುಂದೆ ಬಂದಿತ್ತು. ಅದರ ಪರವಾಗಿ ಮಾತಾಡಲು ಸವಿತಾ ಹೊರಟಿದ್ದಳು. ಅವಳ ಧೈರ್ಯಕ್ಕೆ ಕಾರಣ ಒಂದೇ. ಕಮಿಟಿಯ ಅಧ್ಯಕ್ಷರು ನಮ್ಮವರು. ಡಾ. ವಿರೂಪಾಕ್ಷಪ್ಪ. ನಮಗೆಲ್ಲ ಡಾಕ್ಟರ್ ಅಂಕಲ್.

ಅವರ ಬದುಕು ಇಲ್ಲಿನ ಕನ್ನಡಿಗರಿಗೆಲ್ಲ ಬಾಯಿಪಾಠ. ಎಂಬಿಬಿಎಸ್ ಮುಗಿಸಿ ಟೆಕ್ಸಸ್‌ಗೆ ಬಂದಾಗ ಅವರಿಗೆ ಕೆಲಸ ಸಿಕ್ಕಿದ್ದು ಇಲ್ಲಿನ ಡಾಕ್ಟರುಗಳು ಯಾರೂ ಹೋಗಲು ಒಪ್ಪದ ಊರಿನಲ್ಲಿ. (ಹೌದು, ಅದೇ ಊರು. ಅದೇ ಎಮರ್ಜೆನ್ಸಿ ವಾರ್ಡ್.) ಮೊದಮೊದಲು ಜನ ಇವರ ಕೈಯಲ್ಲಿ ಮುಟ್ಟಿಸಿಕೊಳ್ಳುತ್ತಿರಲಿಲ್ಲವಂತೆ. ಬೇರೆ ಡಾಕ್ಟರ್ ಯಾವಾಗ ಬರುತ್ತಾರೆ ಅಂತ ಕೇಳುತ್ತಿದ್ದರಂತೆ. ಬೇರೆ ಡಾಕ್ಟರ್ ಇರಲೇ ಇಲ್ಲ.

ಅಂಕಲ್‌ದೊಂದು ರೀತಿಯಿತ್ತು. ರೋಗಿಯನ್ನು ನೋಡಿ ಮುಗಿಸಿದ ಮೇಲೆ ಪೆನ್ನು ಜೇಬಿಗಿಟ್ಟು, ಸ್ಟೂಲ್ ಎಳೆದುಕೊಂಡು ಕೂತು, 'ಎನಿಥಿಂಗ್ ಎಲ್ಸ್?' ಅಂತ ಕೇಳಿ ಸುಮ್ಮನಾಗುತ್ತಿದ್ದರು. ಆ ಕಡೆಯಿಂದ 'ಇನ್ನೇನಿಲ್ಲ' ಅಂತ ಬರುವವರೆಗೂ ಏಳುತ್ತಿರಲಿಲ್ಲ. ಮಂಡಿನೋವು ಅಂತ ಬಂದ ಮುದುಕ, ಎದೆ ಹಿಡಿದಂತಾಗುತ್ತದೆ ಅಂತ ಬಾಯಿಬಿಡುತ್ತಿದ್ದದ್ದು ಆಗಲೇ. ಹಾಗೆ ಉಳಿದುಕೊಂಡವರು ಆ ಊರಿನಲ್ಲಿ ಎಷ್ಟೋ ಜನ. ಆಮೇಲೆ ಅಂಕಲ್ ಡಾಲಸ್‌ಗೆ ಶಿಫ್ಟ್ ಆದರು, ದೊಡ್ಡ ಕ್ಲಿನಿಕ್ ಕಟ್ಟಿದರು, ತಲೆ ಪೂರ್ತಿ ಬೆಳ್ಳಗಾದ ಮೇಲೆ ಎಲೆಕ್ಷನ್‌ಗೆ ನಿಂತು ಗೆದ್ದರು.

ಆ ಗ್ಯಾಸ್ ಸ್ಟೇಷನ್ ಮಾರಾಟಕ್ಕಿದೆ ಅಂತ ಬಸವರಾಜನಿಗೆ ಹೇಳಿದವರೂ ಅವರೇ. ಒಳ್ಳೆ ಜನ, ದವಾಖಾನೆ ಐದು ನಿಮಿಷದ ದಾರಿ, ಚಿಂತೆ ಬೇಡ ಅಂದಿದ್ದರಂತೆ. ಎಲೆಕ್ಷನ್ ಬಂದಾಗ ಆ ಊರು ಅಂಕಲ್ ಕ್ಷೇತ್ರದಲ್ಲೇ ಇರಲಿಲ್ಲ. ಆದರೂ ಬಸವರಾಜ ಪೆಟ್ರೋಲ್ ಪಂಪಿನ ಪಕ್ಕ ಅವರ ಬೋರ್ಡು ನೆಟ್ಟಿದ್ದ. ನಮ್ಮ ಹುಬ್ಬಳ್ಳಿಯವರಲ್ಲವೇ?

ಕಾರಿನಲ್ಲಿ ದಾರಿಯುದ್ದಕ್ಕೂ ಪ್ರಾಕ್ಟೀಸ್. ಫೋನಿನಲ್ಲಿ ಟೈಮರ್ ಇಟ್ಟವಳು ನಾನೇ. ಸವಿತಾ ಬರೆದಿದ್ದು ಮೂರು ಪುಟ. ಟ್ರಾಫಿಕ್ ಸಿಗ್ನಲ್ ಸಿಕ್ಕಾಗಲೆಲ್ಲ ಅದನ್ನು ಕತ್ತರಿಸಿ ಎರಡು ನಿಮಿಷಕ್ಕೆ ಇಳಿಸಿದೆ. ಒಂದು ಸಾಲನ್ನು ಮಾತ್ರ ಅವಳು ಬಿಡಲು ತಯಾರಿರಲಿಲ್ಲ. ಎದೆ ಹಿಡಿದುಕೊಂಡು ಕಾರಿನಲ್ಲಿ ಕೂತಿದ್ದ ಬಸವರಾಜ, ಅಂಗಡಿಯ ಕಾಫಿ ಮಷಿನ್ ಆಫ್ ಮಾಡಿದೆಯಾ ಅಂತ ಕೇಳಿದ್ದನಂತೆ. ಅದೇ ಅವನ ಕೊನೆಯ ಮಾತು. ಬಿಲ್‌ಗೂ ಅದಕ್ಕೂ ಏನು ಸಂಬಂಧ, ತೆಗೆದುಬಿಡು ಅಂದೆ. (ಅಂಕಣ ಬರೆದು ಬರೆದು ಅಂಟಿಕೊಂಡ ಚಟ. ಎಲ್ಲದರಲ್ಲೂ ಪದ ಎಣಿಸುವುದು.) ಕೊನೆಗೆ ಅವಳು ಆ ಸಾಲಿನ ಮೇಲೆ ಗೀಟು ಎಳೆದಳು.

ಆಸ್ಟಿನ್‌ನಲ್ಲಿ ಕಮಿಟಿ ಸೇರಿತು. ಅಂಕಲ್ ಅವಳ ಹೆಸರು ಕೂಗಿದರು. ಆ ಕೋಣೆಯಲ್ಲಿ ಆ ಹೆಸರನ್ನು ಸರಿಯಾಗಿ ಹೇಳಬಲ್ಲ ಅಧಿಕಾರಸ್ಥರು ಅವರೊಬ್ಬರೇ. ಸವಿತಾ ಮೈಕಿನ ಮುಂದೆ ಕೂತವಳು ಹಾಳೆಯನ್ನೇ ನೋಡಲಿಲ್ಲ. ಶುರು ಮಾಡಿದ್ದೇ ಕಾಫಿ ಮಷಿನ್‌ನಿಂದ. ಆಮೇಲೆ ಒಂದೊಂದಾಗಿ ಹೇಳಿದಳು. ಬೆವರಿಗೆ ಒದ್ದೆಯಾದ ಅವನ ಅಂಗಿ, ದಾರಿಯಲ್ಲಿ ದಾಟಿದ, ಮುಚ್ಚಿದ ವಾರ್ಡಿನ ಬಾಗಿಲಿಗೆ ಅಂಟಿಸಿದ್ದ ನೋಟೀಸು, ಎದುರಿಗೆ ಒಂದೂ ಗಾಡಿಯಿಲ್ಲದ ರಸ್ತೆ. ದೀಪ ಹಳದಿಯಾಯಿತು. ಕೆಂಪಾಯಿತು. ಈ ಬಿಲ್ ಪಾಸ್ ಮಾಡಿ ಅಂತ ಕೇಳಿಕೊಳ್ಳುವ ಸಾಲು ಇನ್ನೂ ಬಂದೇ ಇರಲಿಲ್ಲ.

ಥ್ಯಾಂಕ್ ಯೂ ಮ್ಯಾಡಮ್, ಯುವರ್ ಟೈಮ್ ಈಸ್ ಅಪ್, ಅಂದರು ಅಂಕಲ್. ಮುಂದಿನ ಹೆಸರು ಕೂಗಿದರು.

ಬ್ರೇಕ್‌ನಲ್ಲಿ ಕಾರಿಡಾರ್‌ಗೆ ಬಂದು ಸವಿತಾಳ ತಲೆಯ ಮೇಲೆ ಕೈಯಿಟ್ಟರು. ಊಟ ಆಯಿತಾ ಅಂತ ಕೇಳಿದರು. ನಾಟಕ ಅಂತ ನಾನು ಹೇಳಲಾರೆ. ಅವರ ಕಣ್ಣು ನಿಜಕ್ಕೂ ಒದ್ದೆಯಾಗಿತ್ತು. ಸವಿತಾ ಊಟದ ಮಾತು ಬಿಟ್ಟು ಬೇರೆಯೇ ಕೇಳಿದಳು.

"ಡಾಕ್ಟ್ರ, ಆ ವಾರ್ಡ್ ಚಾಲೂ ಇದ್ದಿದ್ರ ನಮ್ಮವ್ರು ಉಳೀತಿದ್ರೇನ್ರಿ?"

ಅಂಕಲ್ ಸುಳ್ಳು ಹೇಳಬಹುದಿತ್ತು. ಹೇಳಲಿಲ್ಲ.

"ಉಳೀತಿದ್ರವ್ವಾ."

ನನಗೆ ಸಿಟ್ಟು ತಡೆಯಲಾಗಲಿಲ್ಲ. ಹಾಗಾದರೆ ನಿಮ್ಮ ವೋಟು ಯಾವ ಕಡೆ ಅಂತ ನೇರವಾಗಿ ಕೇಳಿದೆ. ಪಾರ್ಟಿಯವರು ಮೊದಲೇ ತೀರ್ಮಾನ ಮಾಡಿಬಿಟ್ಟಿದ್ದಾರೆ, ಈ ಕುರ್ಚಿಯಲ್ಲಿ ಕೂತವನು ಹತ್ತು ಕಡೆ ನೋಡಬೇಕಾಗುತ್ತದೆ, ಮುಂದಿನ ಸಲ ಏನಾದರೂ ಮಾಡೋಣ ಅಂದರು. ವಾಚ್ ನೋಡಿಕೊಂಡು ಒಳಗೆ ಹೋದರು. ಸವಿತಾಳನ್ನು ಮತ್ತೆ ಅಕ್ಕನ ಮನೆಗೆ ಬಿಟ್ಟು ಬಂದೆ.

ಅದರ ಮುಂದಿನ ವಾರ ಕಮಿಟಿಯ ವೋಟು. ಫುಲ್‌ಶೀರ್‌ನ ನನ್ನ ಮನೆಯಲ್ಲಿ ಲ್ಯಾಪ್‌ಟಾಪ್ ಮುಂದೆ ಕೂತು ನೋಡಿದೆ. ಅಂಕಲ್ 'ನೋ' ಅಂದರು. ಸ್ಪಷ್ಟವಾಗಿ, ತಡವರಿಸದೆ. ಬಿಲ್ ಅಲ್ಲಿಗೇ ಬಿದ್ದುಹೋಯಿತು.

ಸವಿತಾಗೆ ಫೋನ್ ಮಾಡಿದೆ. ಅಳುತ್ತಾಳೆ, ಇಲ್ಲವೇ ಬೈಯುತ್ತಾಳೆ ಅಂದುಕೊಂಡಿದ್ದೆ. ಎರಡೂ ಮಾಡಲಿಲ್ಲ.

"ಎಲೆಕ್ಷನ್ ಟೈಮಿಗೆ ನೀವೆಲ್ಲಾ ಡಾಲಸ್‌ನ್ಯಾಗ ಇದ್ರಿ. ಅವರ ಸಲುವಾಗಿ ಮನಿ ಮನಿ ತಿರುಗಿದ್ರಿ. ಅವರಿಗೆ ನೀವು ಏನು ಕೇಳಿದ್ರಿ?"

ಏನು ಕೇಳಿದ್ದೆವು? ಫೋನ್ ಇಟ್ಟ ಮೇಲೆ ನೆನಪಿಸಿಕೊಂಡೆ.

ಆಗ ನಾವಿದ್ದದ್ದು ಡಾಲಸ್‌ನಲ್ಲಿ. ಒಂದು ಭಾನುವಾರ ಕನ್ನಡಿಗರೆಲ್ಲ ಸೇರಿ ಅಂಕಲ್‌ಗೆ ಊಟ ಏರ್ಪಡಿಸಿದ್ದೆವು. ಬಿಸಿಬೇಳೆಬಾತ್, ಶಾಲು, ಮೈಸೂರು ಪೇಟ. 'ಎನಿಥಿಂಗ್ ಎಲ್ಸ್' ಕಥೆಯನ್ನು ಅವರೇ ಹೇಳಿದ್ದು ಅವತ್ತು. ಎದ್ದು ನಿಂತು ಚಪ್ಪಾಳೆ ತಟ್ಟಿದೆವು. ಆಮೇಲೆ ಅವರು ಸ್ಟೂಲ್ ಎಳೆದುಕೊಂಡು ಕೂತು, ಏನು ಬೇಕಾದರೂ ಕೇಳಿ ಅಂದು ಸುಮ್ಮನಾದರು. ಟೈಮರ್ ಇರಲಿಲ್ಲ. ಕೆಂಪು ದೀಪ ಇರಲಿಲ್ಲ. ಯಾರೋ ಅವರ ಕಾಲೇಜು ಬ್ಯಾಚ್ ಕೇಳಿದರು. ಇನ್ಯಾರೋ ಗ್ರೂಪ್ ಫೋಟೋ ಯಾವಾಗ ಅಂತ ಕೇಳಿದರು. ಕೊನೆಗೆ ಮೈಕ್ ನನ್ನ ಕೈಗೆ ಬಂತು. ಪತ್ರಿಕೆಗೆ ಬರೆಯುವವಳು, ಏನಾದರೂ ಗಟ್ಟಿಯಾಗಿ ಕೇಳುತ್ತಾಳೆ ಅಂತ ಎಲ್ಲರೂ ತಿರುಗಿ ನೋಡಿದರು.

ನಾನು ಕೇಳಿದೆ: ಅಂಕಲ್, ಹುಬ್ಬಳ್ಳಿಯಲ್ಲಿ ನಿಮ್ಮದು ಯಾವ ಓಣಿ?