ಪಟೇಲರ ಮನೆಗೆ ಹೋದ ಪತ್ರಿಕೆ

ನಮ್ಮ ಮಿಷನ್ನಿನ ಮಾಸಪತ್ರಿಕೆ ಹುಟ್ಟಿದ್ದೇ ಹಳ್ಳಿಗಳ ಸುದ್ದಿಗಾಗಿ. ಮೈಸೂರಿನಲ್ಲಿ ಅಚ್ಚಾಗಿ ರೈಲಿನಲ್ಲಿ ನಂಜನಗೂಡಿಗೆ ಬರುತ್ತಿತ್ತು. ಅಲ್ಲಿಂದ ಗಾಡಿಯಲ್ಲಿ ನರಸೀಪುರ, ಮೂಗೂರಿನ ಕಡೆಗೆ. ಮನೆಮನೆಗೆ ಹೋಗಿ ಹೆಂಗಸರಿಗೆ ಓದು ಕಲಿಸುವ ನನ್ನಂಥ ಬೋಧಕಿಯರು ಕಂಡದ್ದನ್ನು ಹೇಳಬೇಕು, ಸಂಪಾದಕರಾದ ಪಾದ್ರಿಗಳು ಬರೆಯಬೇಕು. ಮೊದಮೊದಲು ಇದ್ದದ್ದು ಇದ್ದಂತೆಯೇ ಬರುತ್ತಿತ್ತು: ಯಾವ ಕೆರೆ ಒಡೆಯಿತು, ಯಾವ ಊರಿನವರು ಪ್ಲೇಗಿಗೆ ಹೆದರಿ ಹೊಲದಲ್ಲಿ ಗುಡಿಸಲು ಹಾಕಿಕೊಂಡರು. ದೂರದ ಓದುಗರಿಗೆ ಅದು ಸಪ್ಪೆಯಾಯಿತೋ ಏನೋ, ಪಾದ್ರಿಗಳು ಒಗ್ಗರಣೆ ಹಾಕತೊಡಗಿದರು. ಸಂಚಿಕೆಗೊಬ್ಬರು ಕ್ರಿಸ್ತನ ಕಡೆಗೆ ಮನಸ್ಸು ತಿರುಗಿದವರು ಬೇಕೇ ಬೇಕು! ಹೆಸರು ಮಾತ್ರ ಹಾಕುತ್ತಿರಲಿಲ್ಲ. ಯಾವ ಊರಿನ ಸುದ್ದಿ ಬಂದರೂ ಆ ಊರಿನ ಪಟೇಲರಿಗೆ ಒಂದು ಪ್ರತಿ ಪುಕ್ಕಟೆ ಕಳಿಸುವುದು ಪದ್ಧತಿ.

ಹೆಡತಲೆ ಎಂಬ ಊರಿನ ಪಟೇಲರು ಶಿವಭಕ್ತರು. ಅವರಿಗೆ ಓದು ಬಾರದು, ಊರಿನಲ್ಲಿ ಓದು ಬಲ್ಲ ಶಾನುಭೋಗರನ್ನು ಕಂಡರಾಗದು. "ಮನೇಲಿ ಒಬ್ರಿಗಾದ್ರೂ ಅಕ್ಸರ ಬರ್ಲಿ ಮೇಷ್ಟ್ರಮ್ಮ. ನಿಮ್ ದೇವ್ರ ಸುದ್ದಿ ಎತ್ತುದ್ರೆ ಮಾತ್ರ ಅವತ್ತೇ ಪಾಠ ಬಂದ್," ಎಂದು ವಿಧವೆ ಸೊಸೆಯನ್ನು ನನ್ನ ಮುಂದೆ ಕೂರಿಸಿದ್ದರು. ಆ ಹುಡುಗಿಗೆ ಓದೆಂದರೆ ಪ್ರಾಣ. ನನಗೆ ಅವಳೆಂದರೆ ಪ್ರಾಣ. ಅವಳು ಎರಡನೇ ಪುಸ್ತಕ ಮುಗಿಸಿದಾಗ ಖುಷಿ ತಡೆಯಲಾರದೆ ಪಾದ್ರಿಗಳ ಮುಂದೆ ಹೇಳಿದ್ದೆ, ಅಷ್ಟೇ.

ಮುಂದಿನ ಸಂಚಿಕೆಯ ಕಟ್ಟನ್ನು ಪಾದ್ರಿಗಳೇ ನಾನಿದ್ದ ನಂಜನಗೂಡಿಗೆ ತಂದರು. ಬಿಚ್ಚಿ ಓದಿದೆ: "ಹೆಡತಲೆಯ ಪಟೇಲರ ಮನೆಯ ಎಳೆಯ ವಿಧವೆಯೊಬ್ಬಳು ಕೊರಳಲ್ಲಿ ಲಿಂಗ ಧರಿಸಿದ್ದರೂ ಮನಸ್ಸಿನಲ್ಲಿ ಆಗಲೇ ನಮ್ಮವಳು."

"ಅಯ್ಯೋ, ಹೀಗಂತ ನಾನೆಲ್ಲಿ ಹೇಳಿದೆ?"

"ಹೆಸರು ಹಾಕಿಲ್ಲವಲ್ಲಮ್ಮ," ಎಂದರು, ತಣ್ಣಗೆ.

ಮೈ ಉರಿದುಹೋಯಿತು. ಊರಿಗೆ ಇರುವುದೊಬ್ಬ ಪಟೇಲ, ಅವನ ಮನೆಯಲ್ಲಿರುವುದೊಬ್ಬ ವಿಧವೆ. ಹೆಸರು ಯಾವ ಕರ್ಮಕ್ಕೆ? ಪಟೇಲರ ಪ್ರತಿ ಬೇರೆಯಾಗಿ ಬೆಳಿಗ್ಗೆಯ ಗಾಡಿಯಲ್ಲೇ ಹೋಗಿತ್ತು. ಗಾಡಿ ಮಾಡಿಕೊಂಡು ಹೊರಟೆ. ಆ ಎತ್ತುಗಳೋ, ದೇವರೇ ಗತಿ! ಕೂತರೆ ಕೂರಲಾಗದೆ ಇಳಿದು ನಡೆದೆ, ನಡೆದು ಸಾಕಾಗಿ ಮತ್ತೆ ಹತ್ತಿದೆ. ಶಾನುಭೋಗರು ಓದಿ ಹೇಳಿಬಿಟ್ಟಿದ್ದರೆ?

ಪಟೇಲರು ಜಗಲಿಯ ಮೇಲಿದ್ದರು, ಸುತ್ತ ನಾಲ್ಕು ಜನ. "ಬನ್ನಿ ಬನ್ನಿ ಮೇಷ್ಟ್ರಮ್ಮ! ಶಾನುಭೋಗ ಯಾಕ್ಬೇಕು, ನಮ್ ಮಗೀನೇ ಓದ್ತಾ ಅವ್ಳೆ. ನಮ್ಮೂರ್ ಬಗ್ಗೆ ಏನ್ ಬರ್ದವ್ರೆ, ಓದವ್ವ."

ಬಾಗಿಲ ಮರೆಯಿಂದ ಸೊಸೆಯ ದನಿ. "ಹೆಡತಲೆಯ ಪಟೇಲರ ಮನೆಯ..." ಅಲ್ಲಿಗೆ ನಿಂತುಹೋಯಿತು. ಆಮೇಲೆ ದನಿ ಮತ್ತೆ ಹೊರಟಿತು, ತಡವರಿಸದೆ: "...ಮನೆಯ ಮಜ್ಜಿಗೆ ಕುಡಿಯದೆ ಯಾರೂ ಹಿಂದಿರುಗುವುದಿಲ್ಲ. ಈ ಸಲ ಊರಿನ ರಾಗಿ ಚೆನ್ನಾಗಿದೆ."

"ನೋಡುದ್ರಾ!" ಎಂದು ಪಟೇಲರು ತೊಡೆ ತಟ್ಟಿ ನಕ್ಕರು. "ಬರೋ ತಿಂಗ್ಳೂ ಕಳ್ಸಿ ಮೇಷ್ಟ್ರಮ್ಮ."

ಒಳಗೆ ಹೋದೆ. ಅವಳು ಮಜ್ಜಿಗೆ ತಂದುಕೊಟ್ಟಳು. ಪತ್ರಿಕೆಯನ್ನು ಮಡಿಸಿ ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದಳು.

"ನಾನು ಬರೆದದ್ದಲ್ಲ ಕಣವ್ವ," ಎಂದೆ.

"ನನ್ ಸುದ್ದಿ ಅವ್ರಿಗೆ ಯೋಳಿದ್ದು ನೀವೇ ತಾನೆ?"

ನಾನು ಮಜ್ಜಿಗೆಯ ಲೋಟ ಬಾಯಿಗಿಟ್ಟೆ. ಲೋಟ ಖಾಲಿಯಾಗುವವರೆಗೂ ಅವಳು ಅಲ್ಲೇ ನಿಂತಿದ್ದಳು. ಆಮೇಲೆ ಅದನ್ನು ಈಸಿಕೊಂಡು, ಜಗಲಿಗೆ ಕೇಳಿಸದಷ್ಟು ಮೆಲ್ಲಗೆ ಹೇಳಿದಳು:

"ನಂಗೆ ಓದೋದು ಬಂತಲ್ಲ ಮೇಷ್ಟ್ರಮ್ಮ. ಇನ್ ನೀವು ಬರ್ಬ್ಯಾಡಿ."