ಅತ್ತೆಯನ್ನು ನಾಲ್ಕನೇ ಪುಟದಲ್ಲಿ ಕೊಂದದ್ದು

ರಾಣೆಬೆನ್ನೂರಿನಿಂದ ಬ್ಯಾಡಗಿಗೆ ಸೊಸೆಯಾಗಿ ಬಂದ ಮೊದಲ ವಾರವೇ ನಾನು ಕೆಲಸಕ್ಕೆ ಬಾರದವಳು ಎಂಬುದು ಓಣಿಗೆಲ್ಲ ಗೊತ್ತಾಯಿತು. ನಮ್ಮ ಮನೆಯ ಹಿಂದೆ ಒಂದು ತಗಡಿನ ಶೆಡ್ ಇದೆ. ಅಲ್ಲಿ ಎಂಟು ಹತ್ತು ಹೆಂಗಸರು ಕೂತು ಮೆಣಸಿನಕಾಯಿಯ ತೊಟ್ಟು ಬಿಡಿಸುತ್ತಾರೆ. ಪೇಟೆಯಿಂದ ಚೀಲಗಳು ಬರುತ್ತವೆ, ತೊಟ್ಟು ತೆಗೆದು ಮತ್ತೆ ಚೀಲ ತುಂಬಿಸಿ ಕಳಿಸುವುದು ಅತ್ತೆಯ ಉಸ್ತುವಾರಿ. ನಾನೂ ಕೂತೆ. ಬ್ಯಾಡಗಿ ಕಾಯಿಗೆ ಬಣ್ಣ ಜಾಸ್ತಿ, ಖಾರ ಕಡಿಮೆ ಎಂದು ಊರವರು ಹೆಮ್ಮೆಯಿಂದ ಹೇಳುತ್ತಾರೆ. ಆ ಮಾತನ್ನು ನನ್ನ ಮೂಗು ಒಪ್ಪಲಿಲ್ಲ. ಒಂದು ಕಾಯಿಗೆ ಎರಡು ಸೀನು. ಮೂರನೇ ದಿನ ಅತ್ತೆ ನನ್ನ ಮುಂದಿದ್ದ ಬುಟ್ಟಿಯನ್ನು ತಮ್ಮ ಕಡೆಗೆ ಎಳೆದುಕೊಂಡರು.

“ಕೈಲಿಂದಂತೂ ಆಗೂದಿಲ್ಲ ನಿನಗ. ಬಾಯಿಲಿಂದರ ಏನರ ಆಗ್ತೈತೇನ ನೋಡೂಣು. ತವರಿಂದ ಅದೇನ ಪುಸ್ತಕ ಹೊತ್ಕೊಂಡ ಬಂದೀಯಲ್ಲ, ಎಲ್ಲಾರಿಗೂ ಕೇಳೂಹಂಗ ಓದು.”

ಹೊತ್ತುಕೊಂಡು ಬಂದದ್ದು ಪತ್ತೇದಾರಿ ಕಾದಂಬರಿಗಳನ್ನು. ಚಿಕ್ಕಂದಿನಿಂದ ನನಗೆ ಅವೇ ಜೀವ. ಮೂಗಿಗೆ ಸೆರಗು ಕಟ್ಟಿಕೊಂಡು, ಗಾಳಿ ಬರುವ ಬಾಗಿಲಲ್ಲಿ ಕೂತು ಓದಲು ಶುರುಮಾಡಿದೆ. ಹತ್ತು ವರ್ಷವಾಯಿತು, ಇನ್ನೂ ಓದುತ್ತಿದ್ದೇನೆ. ಈಗ ಎಲ್ಲರ ಹತ್ತಿರ ಮೊಬೈಲ್ ಇದೆ, ಧಾರಾವಾಹಿ ಬೇಕಾದಷ್ಟಿವೆ. ಆದರೆ ಖಾರದ ಕೈಯಲ್ಲಿ ಮೊಬೈಲ್ ಮುಟ್ಟಿ, ಆಮೇಲೆ ಅದನ್ನೇ ಕಿವಿಗೆ, ಗಲ್ಲಕ್ಕೆ ಹಚ್ಚಿಕೊಂಡವರ ಗತಿ ಏನಾಗುತ್ತದೆಂದು ಒಮ್ಮೆ ಅನುಭವಿಸಿದವರು ಮತ್ತೆ ಮುಟ್ಟುವುದಿಲ್ಲ. ಹಾಗಾಗಿ ನನ್ನ ನೌಕರಿ ಕಾಯಂ.

ಪುಸ್ತಕ ಮುಗಿದಂತೆಲ್ಲ ಹಾವೇರಿಗೆ ಹೋಗಿ ಹಳೆ ಪುಸ್ತಕದ ಅಂಗಡಿಯಿಂದ ಹೊಸದು ತರುತ್ತೇನೆ. ಶೆಡ್ಡಿನಲ್ಲಿ ಒಂದು ನಿಯಮ ತಾನಾಗಿಯೇ ಬೆಳೆದುಬಂತು. ಕೊನೆಯ ಅಧ್ಯಾಯಕ್ಕೆ ಮುಂಚೆ ನಾನು ಪುಸ್ತಕ ಮುಚ್ಚಬೇಕು, ಪ್ರತಿಯೊಬ್ಬರೂ ಕೊಲೆ ಮಾಡಿದವರು ಯಾರೆಂದು ಹೇಳಬೇಕು. ತಪ್ಪಿದವರೆಲ್ಲ ಸೇರಿ ಮರುದಿನ ಮಂಡಕ್ಕಿಯ ಗಿರಮಿಟ್ ಮಾಡಿ ತರಬೇಕು. ಓಣಿಯವರೆಲ್ಲ ಖಾಲಾ ಎಂದು ಕರೆಯುವ ಒಬ್ಬ ಮುಸ್ಲಿಂ ಹೆಂಗಸು ನಮ್ಮ ಅತ್ತೆಯ ಹಳೆಯ ಗೆಳತಿ. ಆಕೆ ಗಿರಮಿಟ್ ತಂದದ್ದು ಬಹಳ ಕಡಿಮೆ. ಪುಸ್ತಕದ ಪತ್ತೇದಾರ ಬೆರಳಚ್ಚು ಹುಡುಕುತ್ತ ಊರೆಲ್ಲ ಅಲೆಯುತ್ತಿದ್ದರೆ ಈಕೆ ಇಲ್ಲಿ ಕೂತಲ್ಲಿಂದಲೇ ಆರೋಪಿಯನ್ನು ಹಿಡಿದುಬಿಡುತ್ತಿದ್ದರು. “ಮನ್ಯಾಗ ಹೆಣ ಬಿದ್ದೈತಿ, ಇಂವ ತಲಿಗೆ ಎಣ್ಣಿ ಹಚ್ಕೊಂಡು ಬೈತಲಿ ತಗದಾನ. ಬಿಲ್ಕುಲ್ ಇಂವನ!” ಅಂದರೆ ಅವನೇ ಆಗಿರುತ್ತಿದ್ದ. ಮನೆಯ ಆಳಿನ ಮೇಲೆ ಅನುಮಾನ ಬರುವಂತೆ ಬರೆದಿದ್ದರಂತೂ ಶೆಡ್ಡಿಗೆ ಶೆಡ್ಡೇ ಸಿಟ್ಟಾಗುತ್ತಿತ್ತು. ದುಡಿಯುವವರ ಮೇಲೆ ಹಾಕುವುದು ಸುಲಭ ಎಂದು ಬರೆದವನಿಗೆ ಬೈಗುಳ ಬೀಳುತ್ತಿತ್ತು.

ಇಷ್ಟೆಲ್ಲ ಓದಿದ ಮೇಲೆ ನನಗೂ ಸೊಕ್ಕು ಬಂತು. ನಾನೇ ಒಂದು ಬರೆದರೇನು? ಖಾಲಾಗೂ ಸಿಗದಂಥ ಕೊಲೆಗಾರನನ್ನು ಇಟ್ಟರೇನು? ಕಳೆದ ಸುಗ್ಗಿಗೆ ಮುಂಚೆ ಎರಡು ನೂರು ಪುಟದ ನೋಟ್‌ಬುಕ್ಕಿನಲ್ಲಿ ಬರೆದು ಮುಗಿಸಿದೆ. ಕರ್ಜಗಿಯ ಒಬ್ಬ ಮೆಣಸಿನಕಾಯಿ ವ್ಯಾಪಾರಿಯ ಮನೆ. ಅವನ ತಾಯಿ ಚಹಾ ಕುಡಿದು ಸಾಯುತ್ತಾಳೆ. ವಿಷ ಹಾಕಿದ್ದು ಯಾರೂ ಅನುಮಾನಪಡದ, ತಗ್ಗಿಸಿದ ತಲೆ ಎತ್ತದ ಸೊಸೆ.

ಸುಳ್ಳು ಯಾಕೆ ಹೇಳಲಿ, ಆ ಮುದುಕಿಯ ಭಾಗವನ್ನು ಬರೆದದ್ದು ಅತ್ತೆಯ ಮೇಲಿನ ಸಿಟ್ಟಿನಲ್ಲಿ. ನಾನು ಮಾಡಿದ ಚಹಾಕ್ಕೆ ಹತ್ತು ವರ್ಷದಲ್ಲಿ ಒಂದು ದಿನವೂ ಕೊಂಕು ತೆಗೆದು ಹೆಸರಿಡದೆ ಅವರು ಕುಡಿದವರಲ್ಲ. ಆ ಭಾಗ ಬರೆದ ದಿನ ಯಾವುದೋ ಬೀಗರ ಮುಂದೆಯೇ ಹಾಗೆ ಅಂದಿದ್ದರು. ಪೆನ್ನು ಹಿಡಿದು ಕೂತೆ, ನಾಲ್ಕನೇ ಪುಟದಲ್ಲಿ ಮುಗಿಸಿಬಿಟ್ಟೆ. ಹೊಟ್ಟೆ ತಣ್ಣಗಾಯಿತು. ಗುರುತು ಸಿಗಬಾರದೆಂದು ದಪ್ಪಗಿದ್ದ ಅತ್ತೆಯನ್ನು ಕಡ್ಡಿಯ ಹಾಗೆ ಸಣ್ಣಗೆ ಮಾಡಿದ್ದೆ, ಬಣ್ಣ ಬದಲಿಸಿದ್ದೆ. ಇಷ್ಟು ಸಾಕು ಅಂದುಕೊಂಡೆ. ಅದನ್ನು ಒಯ್ದು ಅದೇ ಶೆಡ್ಡಿನಲ್ಲಿ ಓದಬಾರದಿತ್ತು. ಆದರೆ ಖಾಲಾ ಸೋಲುವುದನ್ನು ನೋಡುವ ಆಸೆ ನನ್ನನ್ನು ಬಿಡಲಿಲ್ಲ. ನೋಟ್‌ಬುಕ್ಕಿಗೆ ಪೇಪರಿನ ರಟ್ಟು ಹಾಕಿ, ಹಾವೇರಿಯಿಂದ ತಂದ ಹೊಸ ಪುಸ್ತಕ ಎಂದು ಹೇಳಿ ಶುರುಮಾಡಿದೆ.

ಎರಡನೇ ಪುಟಕ್ಕೆ ಬರುವಷ್ಟರಲ್ಲಿ ನನ್ನ ತಪ್ಪು ನನಗೇ ಕೇಳಿಸಿತು. ಮುದುಕಿ ಮಾತಿಗೊಮ್ಮೆ “ನನಗೇನ, ನಾ ಹೇಳೂದು ಹೇಳೇನಿ” ಅನ್ನುತ್ತಿದ್ದಳು. ಮೈ ಸಣ್ಣಗೆ ಮಾಡಿದ್ದೆ, ಬಾಯಿಯನ್ನು ಹಾಗೆಯೇ ಬಿಟ್ಟಿದ್ದೆ. ಕೈಗಳೆಲ್ಲ ನಿಂತವು.

“ಅಕ್ಕಾರ, ಈ ಮುದಿಕಿ ನಮ್ಮ ಪೈಕೀನ ಆದಂಗ ಐತಲ್ರಿ,” ಎಂದರು ಖಾಲಾ.

ಅತ್ತೆ ತಲೆ ಎತ್ತಲಿಲ್ಲ. “ಓದಾಕ ಬಿಡ. ಈಗ ಸಾಯ್ತಾಳ.”

“ನಿಮಗ ಹೆಂಗ ಗೊತ್ತ್ರಿ?”

“ಇಷ್ಟ ಬೈಯಾಕೀನ ಪುಸ್ತಕದಾಗ ಬಾಳ ದಿನ ಯಾರ ಇಟಗೋತಾರ?”

ಹೋಗಲಿ ಎಂದು ನೋಟ್‌ಬುಕ್ ಮುಚ್ಚಿದರೆ ಸಿಕ್ಕಿಬಿದ್ದ ಹಾಗೆ, ಓದಿದರೂ ಸಿಕ್ಕಿಬೀಳುವ ಹಾಗೆ. ಓದಿದೆ. ಸೊಸೆ ಕೊಟ್ಟ ಚಹಾವನ್ನು ಮುದುಕಿ ಮಾತಿಲ್ಲದೆ ಕುಡಿದಳು ಎಂಬಲ್ಲಿಗೆ ಬಂದಾಗ ಅತ್ತೆ ಕೈ ಎತ್ತಿದರು.

“ನಿಂದರು. ಮಾತಿಲ್ಲದ ಕುಡದ್ಲಾ? ಸಕ್ರಿ ಕಡಿಮಿ ಆತು ಅಂತಾಳ, ಆರೈತಿ ಅಂತಾಳ, ಹಾಲಿಗೆ ನೀರ ಹಾಕೀದಿ ಅಂತಾಳ. ವಿಷ ಹಾಕಿದ್ರ ಅದನ್ನೂ ಅಂತಿದ್ಲು. ಇಂಥಾಕಿ ಸುಮ್ನ ಕುಡದ್ಲು ಅಂದ್ರ ನಂಬಾವ್ರು ಯಾರವಾ? ಬರಿಯಾಕ ಕುಂತಮ್ಯಾಲ ನೆಟ್ಟಗ ಬರೀಬೇಕು.”

ಎಲ್ಲರೂ ಶೆಡ್ಡಿನ ತಗಡು ಹಾರಿಹೋಗುವಂತೆ ನಕ್ಕರು. ಅತ್ತೆಯೂ ನಕ್ಕರು. ನಾನು ಬರೆದದ್ದೆಂದು ಹೇಗೆ ಗೊತ್ತಾಯಿತೆಂದು ತಡವರಿಸುತ್ತ ಕೇಳಿದೆ. ಅತ್ತೆಗೆ ಓದಲು ಬಾರದು, ಪುಸ್ತಕಕ್ಕೂ ನೋಟ್‌ಬುಕ್ಕಿಗೂ ನಾನು ಕೂತ ದೂರದಿಂದ ಫರಕೂ ಕಾಣುತ್ತಿರಲಿಲ್ಲ.

“ಮಂದಿ ಬರದದ್ದ ಓದೂವಾಗ ಅಕ್ಷರ ನೋಡ್ತಿದ್ದಿ. ಇವತ್ತ ಎರಡು ಸಾಲಿಗೊಮ್ಮೆ ನಮ್ಮ ಮಾರಿ ನೋಡಾಕತ್ತಿದ್ದಿ.”

ಎಷ್ಟೋ ಪತ್ತೇದಾರರ ಜತೆ ಅಲೆದಿದ್ದೇನೆ, ಇಂಥ ಮಾತನ್ನು ಒಬ್ಬರ ಬಾಯಲ್ಲೂ ಕೇಳಿರಲಿಲ್ಲ. ನಗುವಿನಲ್ಲೇ ಎಲ್ಲ ಕರಗಿತು, ಬದುಕಿದೆ ಅಂದುಕೊಂಡೆ.

ಬದುಕಿರಲಿಲ್ಲ. ಮರುದಿನ ಬೆಳಿಗ್ಗೆ ಚಹಾ ಕೊಟ್ಟೆ. ಅತ್ತೆ ಕುಡಿದು ಕಪ್ಪು ಕೆಳಗಿಟ್ಟರು. ಏನೂ ಅನ್ನಲಿಲ್ಲ. ಸಂಜೆಯೂ ಅನ್ನಲಿಲ್ಲ. ಮಾರನೆಯ ದಿನ ಬೇಕೆಂದೇ ಸಕ್ಕರೆ ಮರೆತೆ, ಅದನ್ನೂ ಕುಡಿದರು. ನನಗೆ ಅಳು ಬರುವ ಹಾಗಾಯಿತು. ಹತ್ತು ವರ್ಷ ಯಾವುದು ನಿಂತರೆ ಸಾಕು ಎಂದು ಹಂಬಲಿಸಿದ್ದೆನೋ ಅದು ನಿಂತಿತ್ತು, ಮನೆಯಲ್ಲಿ ಉಸಿರಾಡುವುದೇ ಕಷ್ಟವಾಗಿತ್ತು. ಮೂರನೇ ದಿನ ಅವರ ಪಕ್ಕದಲ್ಲಿ ಹೋಗಿ ಕೂತೆ.

“ತಪ್ಪಾತ್ರೀ ಅತ್ತಿ. ಆ ನೋಟ್‌ಬುಕ್ ಹರದ ಒಗಿತೇನಿ.”

“ಹರೀಬ್ಯಾಡ. ಸತ್ತದ್ದಕ್ಕ ಸಿಟ್ಟಿಲ್ಲ ನನಗ. ಪುಸ್ತಕ ಅಂದಮ್ಯಾಲ ಯಾರರ ಸಾಯಬೇಕಲ್ಲ.” ನನ್ನ ಕಡೆಗೆ ತಿರುಗಿದರು. “ಆದ್ರ ಮುಂದೇನಾತು ಅಂತ ಖಾಲಾ ನಿನ್ನಿ ನಿನ್ನ ನೋಟ್‌ಬುಕ್ ತಗೊಂಡು ಮುಂದಿನ ಪುಟ ಓದಿ ಹೇಳಿದ್ಲು. ನಾಕನೇ ಪುಟದಾಗ ಸತ್ಲು, ಐದನೇದರಾಗ ಪೊಲೀಸ್ರು ಬಂದ್ರು. ನಡುವ ಒಬ್ಬರರ ಅತ್ರೇನವಾ?”

ಓದಿದ ಪುಸ್ತಕಗಳನ್ನೆಲ್ಲ ಮನಸ್ಸಿನಲ್ಲೇ ತಿರುವಿಹಾಕಿದೆ. ಎಲ್ಲೂ ಯಾರೂ ಅತ್ತಿರಲಿಲ್ಲ. ಅತ್ತರೂ ಒಂದು ಸಾಲು, ಅದೂ ಅನುಮಾನ ಹುಟ್ಟಿಸಲು. ಹೆಣ ಅಲ್ಲಿರುವುದು ಬಾಗಿಲಿಗೆ ಒಳಗಿನಿಂದ ಚಿಲಕ ಹಾಕಿತ್ತೇ ಎಂದು ಕೇಳುವುದಕ್ಕೆ. ಇಷ್ಟು ವರ್ಷ ಇಷ್ಟೊಂದು ಜನ ಸತ್ತದ್ದನ್ನು ಓದಿ ನಾನು ಒಬ್ಬರಿಗೂ ಅಯ್ಯೋ ಅಂದಿರಲಿಲ್ಲ. ಅದು ಹೋಗಲಿ, ರಾಣೆಬೆನ್ನೂರಿನಲ್ಲಿ ನನ್ನ ಅವ್ವ ತೀರಿಕೊಂಡಾಗ ನನ್ನ ಅಕ್ಕಂದಿರಿಗಿಂತ ಜೋರಾಗಿ ಅತ್ತವರು ಇದೇ ಅತ್ತೆ. ಹನ್ನೊಂದು ದಿನ ನನ್ನ ತವರಲ್ಲೇ ಉಳಿದರು. ನಾನು ಗೋಡೆಗೆ ಒರಗಿ ಕೂತಲ್ಲೇ ಕೂತಿರುವಾಗ ನೆತ್ತಿಗೆ ಹರಳೆಣ್ಣೆ ಇಟ್ಟು ತಟ್ಟುತ್ತಿದ್ದರು, ಒಂದು ಮಾತೂ ಆಡದೆ. ಅಂಥವರನ್ನು ಕೊಂದೆ, ಸರಿ. ಅವರಿಗೆ ಅಳುವವರನ್ನೂ ಇಡಲಿಲ್ಲವಲ್ಲ ಎಂದು ನಾಚಿಕೆಯಾಯಿತು.

ಅಂದು ಮಧ್ಯಾಹ್ನ ಊಟ ಬಿಟ್ಟು ಬರೆಯಲು ಕೂತೆ. ನಾಲ್ಕನೇ ಪುಟಕ್ಕೂ ಐದನೇ ಪುಟಕ್ಕೂ ನಡುವೆ ಏಳು ಪುಟ ಬಂದವು. ಸೊಸೆ ಅಳುತ್ತಾಳೆ. ಮೊದಲು ನಟಿಸುತ್ತಾಳೆ ಎಂದು ಬರೆಯಬೇಕೆಂದಿದ್ದೆ, ಆ ಏಳರಲ್ಲಿ ಎರಡನೇ ಪುಟದಲ್ಲೇ ಅದು ನಿಜವಾದ ಅಳುವಾಗಿ ಹೋಯಿತು, ನನ್ನ ಕೈ ಮೀರಿ. ಮುದುಕಿ ಹರಳೆಣ್ಣೆ ತಟ್ಟಿದ್ದು ಅದರಲ್ಲಿ ಬಂತು. ಆಕೆ ಚಹಾಕ್ಕೆ ಇಡುತ್ತಿದ್ದ ಹೆಸರುಗಳೂ ಒಂದೊಂದಾಗಿ ಬಂದವು.

ಮರುದಿನ ಶೆಡ್ಡಿನಲ್ಲಿ ಅದನ್ನು ಓದಿದೆ. ಈ ಸಲ ಯಾರ ಮುಖವನ್ನೂ ನೋಡಲಿಲ್ಲ, ನೋಡಲಾಗಲಿಲ್ಲ. ಕಾಗಿನೆಲೆಯಿಂದ ಬಸ್ಸಿನಲ್ಲಿ ಕೆಲಸಕ್ಕೆ ಬರುವ ಹೊಸ ಮದುವಣಗಿತ್ತಿ ಖಾರದ ಕೈ ಎಂಬುದನ್ನು ಮರೆತು ಕಣ್ಣೊರೆಸಿಕೊಂಡು, ಆಮೇಲೆ ಎರಡು ಕಾರಣಕ್ಕೆ ಅಳತೊಡಗಿದಳು. ಖಾಲಾ ದುಪ್ಪಟ್ಟಾದಲ್ಲಿ ಮೂಗು ಒರೆಸಿಕೊಂಡರು. ಏಳನೇ ಪುಟಕ್ಕೆ ನೋಟ್‌ಬುಕ್ ಮುಚ್ಚಿದೆ. ಇಷ್ಟು ಅತ್ತ ಸೊಸೆ ಕೊಂದಿರಲಾರಳು ಎಂಬುದು ಅಲ್ಲಿದ್ದವರಿಗೆಲ್ಲ ತಿಳಿದುಹೋಗಿತ್ತು. ನನಗೂ ತಿಳಿದಿತ್ತು. ಹಾಗಾದರೆ ವಿಷ ಹಾಕಿದವರು ಯಾರು? ಬರೆದ ನನಗೇ ಗೊತ್ತಿರಲಿಲ್ಲ.

ಅತ್ತೆ ಮೊಣಕೈಯಿಂದ ಒಮ್ಮೆ ಕೆನ್ನೆ ಒರೆಸಿಕೊಂಡರು, ಮುಂದಿನ ಕಾಯಿ ಎತ್ತಿಕೊಂಡರು.

“ಅತ್ತದ್ದ ಸಾಕ ಬಿಡ,” ಎಂದರು. “ಇನ್ನ ಲಗೂನ ನನ್ನ ಕೊಂದಾವ್ರನ್ನ ಹುಡುಕು.”