ಹೈಪೋದ ಸಿಹಿ

ಕೊಟ್ಟೂರಿನ ಆ ಸ್ಟುಡಿಯೋದವರು ಫೋಟೋ ತೊಳೆದ ಮೇಲೆ ಅದರ ಮೂಲೆಗೆ ನಾಲಿಗೆಯ ತುದಿ ತಾಗಿಸುತ್ತಿದ್ದರು. ಚಿತ್ರ ನಿಲ್ಲಿಸುವ ಹೈಪೋ ಉಪ್ಪು ಉಳಿದಿದ್ದರೆ ಸಿಹಿ ಎನಿಸುವುದಂತೆ. ಅಂಥ ಫೋಟೋ ಮುಂದೆ ಹಳದಿಯಾಗಿಬಿಡುವುದು. “ಇನ್ನೂ ಸಿಹಿ ಐತ್ರಿ” ಎನ್ನುತ್ತ ಮತ್ತೆ ನೀರಿಗೆ ಹಾಕುವರು.

ಅಮ್ಮ ತೀರಿಕೊಂಡ ಮೇಲೆ ಕಾನ್ವೆಂಟ್ ಹಾಸ್ಟೆಲಿಗೆ ಹೊರಟವಳು, ಹಳೇ ನೆಗೆಟಿವ್‌ನಿಂದ ಅಮ್ಮನದೊಂದು ಫೋಟೋ ಮಾಡಿಸಿ ಒಯ್ಯಲು ಅಲ್ಲಿ ನಿಂತಿದ್ದೆ.

“ಅಂಕಲ್, ಪ್ಲೀಸ್! ಬಸ್ ಹೊಂಟೈತಿ.”

“ಹೋಗ್ಲಿ ಬಿಡವ್ವಾ, ನಾಳೀನೂ ಬಸ್ ಐತಿ. ನಿಮ್ಮವ್ವ ಇನ್ನೂ ಸಿಹಿ ಅದಾಳ.”

ಬಸ್ ಹೋಯಿತು. ನನಗೆ ಅಳು ಬಂತು. ಅವರು ನೀರು ಬದಲಿಸಿ, ಮತ್ತೆ ಮೂಲೆಗೆ ನಾಲಿಗೆ ತಾಗಿಸಿ, “ಈಗ ಸಪ್ಪಗೈತಿ, ಒಯ್ಯವ್ವಾ” ಎಂದರು.

ನನ್ನ ಮದುವೆಯ ಆಲ್ಬಮ್ ಈಗ ಪೂರಾ ಫೇಡ್ ಆಗಿದೆ. ಅಮ್ಮ ಮಾತ್ರ ಅಷ್ಟೇ ಕ್ಲಿಯರ್. ಮೊನ್ನೆ ಯಾರೂ ಇಲ್ಲದಾಗ ಆ ಮೂಲೆಗೆ ನಾಲಿಗೆ ತಾಗಿಸಿ ನೋಡಿದೆ. ಸಪ್ಪೆ.